ಒಲೆಯಿಂದ ಇಳಿದ ರೊಟ್ಟಿ

"ಗುರುಗಳೇ, ಬರುವ ಮಾಘದಲ್ಲಿ ನನ್ನ ಮದುವೆ. ಮನೆಗೆ ಬರುವ ಹೆಣ್ಣಿಗೆ ನಮ್ಮ ಮನೆತನದ ಪದ್ಧತಿಗಳನ್ನು ಹೇಗೆ ಕಲಿಸಬೇಕು?" ಎಂದು ಚನ್ನವೀರನೆಂಬ ಶಿಷ್ಯ ಕೇಳಿದ.

ಗುರುಗಳು ಹೇಳಿದರು:

ಒಂದೂರಿನಲ್ಲಿ ಒಬ್ಬ ಗಾಣಿಗನಿದ್ದ. ರೊಟ್ಟಿ ಬಡಿದವರು ಎಲ್ಲರದೂ ಊಟವಾದ ಮೇಲೆ ಉಣ್ಣಬೇಕು ಎನ್ನುವುದು ಅವನ ಮನೆಯ ಪದ್ಧತಿ. ಅವನ ಹೆಂಡತಿ ಮದುವೆಯಾಗಿ ಬಂದಂದಿನಿಂದ ಅದನ್ನು ತಪ್ಪಿಸಿರಲಿಲ್ಲ. ಗಂಡ, ಮಕ್ಕಳು, ಬಂದ ನೆಂಟರು ಉಂಡು ಎದ್ದ ಮೇಲೆ ಬುಟ್ಟಿಯ ತಳದಲ್ಲಿ ಆರಿ ಉಳಿದ ರೊಟ್ಟಿಯನ್ನು ಸಾರಿನಲ್ಲಿ ನೆನೆಸಿಕೊಂಡು ಉಣ್ಣುತ್ತಿದ್ದಳು. ಯಾರೂ ಅವಳನ್ನು ಗದರಿದವರಲ್ಲ. ಅವಳಿಗೂ ಬೇಸರವಿರಲಿಲ್ಲ.

ಹಿರಿಯ ಮಗನಿಗೆ ಮದುವೆಯಾಯಿತು. ಅತ್ತೆ ಸೊಸೆಗೆ ಪದ್ಧತಿಯನ್ನು ತಿಳಿಸಿದಳು. ಸೊಸೆ ತಲೆಯಾಡಿಸಿ ಒಲೆಯ ಮುಂದೆ ಕುಳಿತಳು. ಗಂಡಸರು ಊಟಕ್ಕೆ ಕುಳಿತರು. ಮೊದಲ ರೊಟ್ಟಿ ಹಂಚಿನ ಮೇಲೆ ಉಬ್ಬಿತು. ಸೊಸೆ ಅದನ್ನು ತಟ್ಟೆಗೆ ಹಾಕಿ, ಬೆಣ್ಣೆ ಇಟ್ಟು, ಅತ್ತೆಯ ಮುಂದೆ ಹಿಡಿದಳು.

"ಇದೇನವ್ವಾ? ಈಗಷ್ಟೇ ಹೇಳಿದೆನಲ್ಲ?"

"ರೊಟ್ಟಿ ಬಡಿದವರು ಕೊನೆಗೆ ಉಣ್ಣಬೇಕು ಅಂದಿರಿ, ಅತ್ತೆ. ಇವತ್ತು ಬಡಿದವಳು ನಾನು. ನೀವು ಕೂತುಕೊಳ್ಳಿ."

ಅತ್ತೆ ಗಂಡನ ಮುಖ ನೋಡಿದಳು. ಗಾಣಿಗ ಸ್ವಲ್ಪ ಸರಿದು ಪಕ್ಕದಲ್ಲಿ ಜಾಗ ಮಾಡಿದ. ಅವಳು ಅಳುಕುತ್ತಲೇ ಕುಳಿತು ರೊಟ್ಟಿ ಮುರಿದಳು. ಒಳಗಿನ ಹಬೆ ಬೆರಳಿಗೆ ಚುರುಕ್ಕೆಂದಿತು. ಹೀಗೆ ಉಂಡದ್ದು ತವರಿನಲ್ಲಿ, ಅವ್ವನ ಒಲೆಯ ಪಕ್ಕದಲ್ಲಿ. ಆ ರುಚಿ ಅವಳಿಗೆ ಮರೆತೇ ಹೋಗಿತ್ತು. ಅವಳು ಕಣ್ಣೊರೆಸಿಕೊಂಡು ನಕ್ಕಳು. ಇನ್ನೊಂದು ರೊಟ್ಟಿ ಕೇಳಿ ಹಾಕಿಸಿಕೊಂಡಳು.

ಮರುದಿನ ಸೊಸೆ ಏಳುವ ಮೊದಲೇ ಅತ್ತೆ ಹಿಟ್ಟು ನಾದಿದಳು. ಅಂದು ಮೊದಲ ರೊಟ್ಟಿ ಸೊಸೆಯ ತಟ್ಟೆಗೆ ಬಿತ್ತು. ಹಿರಿಯರ ಪದ್ಧತಿಯನ್ನು ಆ ಮನೆಯಲ್ಲಿ ಯಾರೂ ಮುರಿಯಲಿಲ್ಲ. ಒಂದು ದಿನ ಅತ್ತೆ ಕೊನೆಗೆ ಉಂಡಳು, ಒಂದು ದಿನ ಸೊಸೆ. ಅಮಾವಾಸ್ಯೆಗೆ ಗಾಣ ನಿಲ್ಲಿಸಿದ ದಿನ ಗಾಣಿಗನೇ ಒಲೆಯ ಮುಂದೆ ಕುಳಿತ. ಅವನ ರೊಟ್ಟಿ ಒಂದೂ ದುಂಡಗಾಗಲಿಲ್ಲ. ಹೆಂಗಸರು ಬಿದ್ದು ಬಿದ್ದು ನಗುತ್ತಾ ಹೊಟ್ಟೆ ತುಂಬ ಉಂಡರು.

ಕತೆ ಕೇಳಿ ಚನ್ನವೀರನಿಗೆ ಸಂತೋಷವಾಯಿತು. "ಎಂಥ ಸೊಸೆ! ನಮ್ಮವ್ವನೂ ಕೊನೆಗೇ ಉಣ್ಣುವವಳು. ನಮ್ಮ ಮನೆಗೂ ಅಂಥವಳೇ ಬರಲಿ, ಗುರುಗಳೇ" ಎಂದು ಕೈಮುಗಿದ.

ಗುರುಗಳು ಅವನನ್ನೇ ನೋಡಿ ಕೇಳಿದರು: "ಅವಳು ಬರುವ ತನಕ ನಿನ್ನ ತಾಯಿ ಆರಿದ್ದನ್ನೇ ಉಣ್ಣಲಿ ಅನ್ನುತ್ತೀಯೇನಪ್ಪಾ?"