ಇಳಿಯುವಾಗಲೂ ನಾಲ್ವರು

ಒಂಬೈನೂರು ಮೆಟ್ಟಿಲಿನ ಬೆಟ್ಟವೊಂದಿತ್ತು. ಮೇಲೊಂದು ಗುಡಿ. ನಡೆಯಲಾರದವರನ್ನು ಡೋಲಿಯಲ್ಲಿ ಕೂರಿಸಿ ಹೊತ್ತೊಯ್ಯುವುದು ಕೆಂಚೀರಯ್ಯ ಮತ್ತು ಅವನ ಮೂವರು ಜೊತೆಗಾರರ ಕಸುಬು.

ಹತ್ತುವಾಗ ನಾಲ್ವರು ಹೊರುತ್ತಿದ್ದರು, ಇಳಿಯುವಾಗ ಇಬ್ಬರೇ. ಉಳಿದಿಬ್ಬರು ಮುಂಚೆಯೇ ಇಳಿದುಹೋಗಿ ಹುಣಸೆಮರದ ನೆರಳಲ್ಲಿ ಕಾಲು ಚಾಚುತ್ತಿದ್ದರು. ಈ ಪದ್ಧತಿ ಮಾಡಿದವನು ಕೆಂಚೀರಯ್ಯನೇ. ಹರೆಯದ ಹುರುಪಿನಲ್ಲಿ ಒಮ್ಮೆ, ಇಳಿಯುವುದೂ ಒಂದು ಕೆಲಸವೇ? ಭೂಮಿಯೇ ಕರೆದುಕೊಳ್ಳುತ್ತದೆ ಎಂದುಬಿಟ್ಟಿದ್ದ. ಆಡಿದ ಮಾತು ಉಳಿಸಿಕೊಳ್ಳಲು ಇಪ್ಪತ್ತೆಂಟು ವರ್ಷ ಮುಂದಿನ ಹೆಗಲು ತಾನೇ ಕೊಟ್ಟ. ಹಿಂದಿನ ಹೆಗಲು ಜೊತೆಗಾರ ಸಣ್ಣಸಿದ್ದನದು.

ಈಗ ಕೆಂಚೀರಯ್ಯನಿಗೆ ದಣಿವಾಗಿತ್ತು. ಮಲಗಿ ಎದ್ದರೂ ಹೋಗದ ದಣಿವು. ಇಳಿಯುವಾಗ ತೊಡೆಯ ಮುಂಭಾಗ ನಡುಗುತ್ತಿತ್ತು. ನೆಲದ ಮೇಲೆ ಕೂತರೆ ಏಳಲು ಗೋಡೆ ಹಿಡಿಯಬೇಕು. ಆದರೂ ಯಾರಿಗೂ ಹೇಳಲಿಲ್ಲ. ಜಟ್ಟಿ ನೆಲಕ್ಕೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಅನ್ನುವ ಪೈಕಿ ಅವನು.

ಕೊನೆಗೆ ಮೂಳೆ ಕಟ್ಟುವ ದಾಸಮ್ಮನ ಬಳಿ ಹೋಗಿ, ಮಂಡಿ ನೋವಿಗೆ ಎಣ್ಣೆ ಕೇಳಿದ. ಅವಳು ಅವನನ್ನು ಚಾಪೆಯ ಮೇಲೆ ಮಲಗಿಸಿ, ಮಂಡಿಯಿಂದ ಮೇಲಕ್ಕೆ ಹೆಬ್ಬೆರಳಿನಿಂದ ಒತ್ತುತ್ತ ಹೋದಳು. ಅವನು ಹಲ್ಲು ಕಚ್ಚಿದ.

"ಮಂಡೀದೇನೂ ತಪ್ಪಿಲ್ಲ ಕಣಪ್ಪ. ದಣಿದಿರೋದು ತೊಡೆ" ಎಂದಳು.

ತೊಡೆಯ ಮುಂದೆ ನಾಲ್ಕು ಸ್ನಾಯುಗಳಿವೆಯಂತೆ. ಹೊರಗೊಂದು, ಒಳಗೊಂದು, ನಡುವೆ ಒಂದರ ಅಡಿಯಲ್ಲಿ ಇನ್ನೊಂದು. ನಡುವೆ ಮೇಲಿರುವುದು ಸೊಂಟದ ಮೂಳೆಯಿಂದಲೇ ಹೊರಡುತ್ತದೆ, ಹಾಗಾಗಿ ಕಾಲೆತ್ತುವುದಕ್ಕೂ ಅದು ಬೇಕು. ಮಿಕ್ಕ ಮೂರು ತೊಡೆಮೂಳೆಯನ್ನೇ ಹಿಡಿದುಕೊಂಡಿವೆ. ಕೆಳಗೆ ಬರುತ್ತ ನಾಲ್ಕೂ ಒಂದೇ ಹುರಿಯಾಗಿ ಮಂಡಿಚಿಪ್ಪನ್ನು ಅಪ್ಪಿ ಮಂಡಿಯ ಕೆಳಗಿನ ಮೂಳೆಗೆ ಸೇರುತ್ತವೆ. ಮಡಚಿದ ಕಾಲು ನೆಟ್ಟಗಾಗುವುದು ಇವುಗಳಿಂದ. ಚಿಪ್ಪು ಆಚೆಗೆ ಸರಿಯದಂತೆ ಒಳಗಿನದು ಕಾಯುತ್ತದೆ.

"ಇಳಿಯೋವಾಗ ಇವುಕ್ಕೆ ರಜಾ ಅಂದ್ಕೊಂಡಿದ್ದೀಯ? ತುಂಬಿದ ಕೊಡಾನ ಹಗ್ಗ ಕಟ್ಟಿ ಬಾವಿಗೆ ಇಳಿಸಿ ನೋಡು. ಹಗ್ಗ ಬಿಡ್ತಾ ಬಿಡ್ತಾನೇ ಬಿಗಿಹಿಡೀಬೇಕು. ಇವೂ ಹಂಗೇ, ಎಳೆಸ್ಕೊಳ್ತಾನೇ ನಿನ್ನ ತಡೆಹಿಡೀತವೆ. ಆಗ ನಾಲ್ಕೂ ದುಡೀತವೆ, ಎರಡು ಹೋಗಿ ಮರದ ಕೆಳಗೆ ಕೂರಾಕಿಲ್ಲ."

ಒಂದು ತಿಂಗಳು ಹೊರಬೇಡ, ಆಮೇಲೆ ಇಳಿಯುವಾಗಲೂ ನಾಲ್ವರು ಹೊರಿ ಎಂದಳು. ಕೆಂಚೀರಯ್ಯ ತಲೆಯಾಡಿಸಿದ. ಎಣ್ಣೆ ತೆಗೆದುಕೊಂಡ, ಮಾತನ್ನು ಅಲ್ಲೇ ಬಿಟ್ಟು ಬಂದ.

ಮೂರನೆಯ ದಿನ ಪುಟ್ಟತಾಯಜ್ಜಿ ಎಂಬ ಮುದುಕಿಯನ್ನು ದೇವರ ದರ್ಶನ ಮಾಡಿಸಿ ಕೆಳಗೆ ಕರೆತರುತ್ತಿದ್ದರು. ಅರ್ಧ ದಾರಿಯಲ್ಲಿ ತೊಡೆ ನಡುಗಲು ಶುರುವಾಯಿತು. ನಿಲ್ಲಿಸೋಣ ಅನ್ನುವ ಮಾತು ಕೆಂಚೀರಯ್ಯನ ನಾಲಗೆ ತುದಿಗೆ ಬಂತು. ಇನ್ನೊಂದು ಇಪ್ಪತ್ತು ಮೆಟ್ಟಿಲು, ಮಂಟಪ ಸಿಗುತ್ತದೆ ಎಂದು ನುಂಗಿಕೊಂಡ. ಹನ್ನೊಂದನೆಯ ಮೆಟ್ಟಿಲಿಗೆ ಕಾಲು ಮಡಚಿಕೊಂಡೇಬಿಟ್ಟಿತು. ಮಂಡಿಯ ಮೇಲೆ ಏನೋ ಪಟ್ಟೆಂದಿತು. ಡೋಲಿಯ ಬಿದಿರುಬೊಂಬನ್ನು ಮಾತ್ರ ಹೆಗಲಿನಿಂದ ಬಿಡಲಿಲ್ಲ. ಹಿಂದಿನಿಂದ ಸಣ್ಣಸಿದ್ದ ಜೀವ ಬಿಗಿಹಿಡಿದು ಡೋಲಿಯನ್ನು ಜಗ್ಗಿ ನಿಲ್ಲಿಸಿದ. ಅಜ್ಜಿಗೆ ಏನೂ ಆಗಲಿಲ್ಲ.

ಅವಳು ಮೆಲ್ಲಗೆ ಇಳಿದು ಬಂದು, ಸೆರಗಿನಿಂದ ಕೆಂಚೀರಯ್ಯನ ಮುಖ ಒರೆಸಿದಳು.

"ಸುಸ್ತಾಗೈತೆ ಅಂದಿದ್ರೆ ನಾನೇ ಇಳಿದು ಕೂರ್ತಿದ್ದೆ ಕಣಪ್ಪ. ನಂಗೇನು ಅವಸರ ಇತ್ತು?"

ಅವನಿಗೆ ಅಳು ಬಂತು. ನೋವಿಗಿಂತ ಆ ಮಾತಿಗೇ ಬಂತು. ಸಣ್ಣಸಿದ್ದ ಪಕ್ಕದಲ್ಲಿ ಕುಸಿದು ಕೂತು ತನ್ನ ತೊಡೆ ನೀವಿಕೊಳ್ಳುತ್ತಿದ್ದ.

"ಅಣ್ಣ, ನನ್ನ ತೊಡೆ ನಡುಗೋಕೆ ಶುರುವಾಗಿ ಮೂರು ವರ್ಷ ಆಯ್ತು. ನೀನು ಸುಮ್ನಿದ್ದೀಯಲ್ಲ ಅಂತ ನಾನೂ ಸುಮ್ನಿದ್ದೆ" ಎಂದ.

ಸುದ್ದಿ ತಿಳಿದು ಉಳಿದಿಬ್ಬರು ಏದುಸಿರು ಬಿಡುತ್ತ ಮೇಲೆ ಬಂದರು. ಕೆಂಚೀರಯ್ಯನನ್ನು ಅದೇ ಡೋಲಿಯಲ್ಲಿ ಕೂರಿಸಿದರು. ಮೂವರೂ ಬೊಂಬಿಗೆ ಕೈ ಹಾಕಿದಾಗ ಅವನು ತಡೆದ.

"ನಾಲ್ಕನೆಯವನು ಬರೋವರ್ಗೂ ಎತ್ತಬೇಡ್ರಪ್ಪ."

ಎಲ್ಲರೂ ಮೆಟ್ಟಿಲ ಮೇಲೆ ಕೂತರು. ಬೇರೆ ಡೋಲಿಯವನೊಬ್ಬ ಬಂದು ಹೆಗಲು ಕೊಡುವವರೆಗೂ ಕಾದರು. ಅಜ್ಜಿಯೂ ತನ್ನ ಸರದಿಗೆ ಅಲ್ಲೇ ಕಾದಳು. ಕಾಲು ವಾಸಿಯಾದ ಮೇಲೆ ಕೆಂಚೀರಯ್ಯ ಕೋಲೂರಿ ನಡೆದ, ಡೋಲಿ ಮಾತ್ರ ಮತ್ತೆಂದೂ ಹೊರಲಿಲ್ಲ. ಆದರೆ ಆ ಬೆಟ್ಟದಲ್ಲಿ ಅಂದಿನಿಂದ ಇಳಿಯುವಾಗಲೂ ನಾಲ್ವರೇ ಹೊರುತ್ತಾರೆ.

ನೀತಿ: ಮೇಲೆತ್ತುವ ಶ್ರಮ ಎಲ್ಲರ ಕಣ್ಣಿಗೂ ಬೀಳುತ್ತದೆ, ಬೀಳದಂತೆ ತಡೆದು ಹಿಡಿಯುವ ಶ್ರಮ ಕಾಣುವುದಿಲ್ಲ. ಅದಕ್ಕೂ ಜೊತೆಗಾರರು ಬೇಕು. ದಣಿದಾಗ ದಣಿದೆ ಎಂದು ಬಾಯಿಬಿಟ್ಟು ಹೇಳಿ. ಮುಂದಿನವನು ಹೇಳದಿದ್ದರೆ ಹಿಂದಿನವನೂ ಹೇಳಲಾರ.