ಬಾಗಿಲಿಗೆ ಮೊದಲು ಬಂದವಳು

“ಹೊನ್ನಗುಂಡಿಯ ಪ್ರಜೆಗಳು ಕೇಳಬೇಕು! ಈ ಅರಸುಮನೆತನ ಏಳು ತಲೆಮಾರುಗಳಿಂದ ನಾಡನ್ನು ಆಳುತ್ತಿದೆ. ಕೆರೆ ಕಟ್ಟಿಸಿದೆ, ಛತ್ರ ಕಟ್ಟಿಸಿದೆ, ಹೆಣ್ಣುಮಕ್ಕಳು ಓದಲೆಂದು ಕಾನ್ವೆಂಟಿಗೆ ನೆಲ ಕೊಟ್ಟಿದೆ. ಕೊಟ್ಟ ಮಾತನ್ನು ಒಮ್ಮೆಯೂ ಹಿಂದಕ್ಕೆ ಪಡೆದಿಲ್ಲ. ‘ಗೆದ್ದು ಬಂದ ದಿನ ನನ್ನ ಬಾಗಿಲಲ್ಲಿ ಮೊದಲು ಎದುರಾಗುವುದು ನಿಮ್ಮದು’ ಎಂದು ಅರಸರು ಯುದ್ಧದಲ್ಲಿ ನೆರವಾದ ಓಬಳನಾಯಕರಿಗೆ ಮಾತು ಕೊಟ್ಟಿದ್ದರು. ಎದುರಾದವರು ರಾಜಕುಮಾರಿ ಸೋಮಾಂಬೆ; ನಾಯಕರು ಅವರನ್ನೇ ಮದುವೆಗೆ ಕೇಳಿದ್ದಾರೆ. ಅವರು ಈ ಮದುವೆಗೆ ಒಪ್ಪದೆ ಮೂರು ಒಗಟು ಇಟ್ಟಿದ್ದಾರೆ. ಅಮಾವಾಸ್ಯೆಯೊಳಗೆ ಯಾರಾದರೂ ಮೂರನ್ನೂ ಬಿಡಿಸಿದರೆ ಮಾತು ರದ್ದು. ತಪ್ಪು ಹೇಳಿದವರಿಗೆ ಅಮಾವಾಸ್ಯೆಯ ಮರುದಿನ ಮರಣದಂಡನೆ!”

ಡಂಗುರ ಕೇಳಿದ ಸೋಮಾಂಬೆಗೆ ಮೈಯೆಲ್ಲ ಉರಿಯಿತು. ಮನೆತನದ ಹಿರಿಮೆಗೆ ಅಷ್ಟು ಮಾತು, ತನಗೆ ಒಂದೆರಡೇ ಸಾಲು! ಓಬಳನಾಯಕನಿಗೆ ಅರವತ್ತು ದಾಟಿತ್ತು. ಮನೆಯಲ್ಲಿ ಆಗಲೇ ಮೂವರು ಹೆಂಡಿರಿದ್ದರು.

ಒಗಟುಗಳು ಹುಟ್ಟಿದ್ದು ಒಂದು ಹಳೆಯ ಇಂಗ್ಲಿಷ್ ಕಾವ್ಯದಿಂದ. ಬೈಬಲಿನ ದುರಂತವೊಂದನ್ನು ಮುನ್ನೂರು ವರ್ಷಗಳ ಹಿಂದಿನ ಕವಿಯೊಬ್ಬ ಪದ್ಯನಾಟಕವಾಗಿ ಬರೆದಿದ್ದ. ಸೇನಾಪತಿಯೊಬ್ಬ, ಗೆದ್ದು ಬಂದರೆ ಮನೆಬಾಗಿಲಿಂದ ಮೊದಲು ಹೊರಬಂದದ್ದನ್ನು ಬಲಿ ಕೊಡುತ್ತೇನೆಂದು ಹರಕೆ ಹೊರುತ್ತಾನೆ. ಗೆದ್ದು ಬರುತ್ತಾನೆ. ದಮ್ಮಡಿ ಬಾರಿಸುತ್ತ ಕುಣಿಯುತ್ತ ಹೊರಬಂದವಳು ಅವನ ಒಬ್ಬಳೇ ಮಗಳು. ಕಾನ್ವೆಂಟಿನಲ್ಲಿ ಸೋಮಾಂಬೆಗೆ ಇದನ್ನು ಕಲಿಸಿದವರು ಮದರ್ ಫಿಲೋಮಿನಾ. ತೀರ್ಪು ಹೇಳುವವರೂ ಅವರೇ ಎಂದು ಅರಸ ರುದ್ರಪ್ಪರಸರು ಒಪ್ಪಿದ್ದರು. ಒಬ್ಬೊಬ್ಬ ಸ್ಪರ್ಧಿ ಬಂದಾಗಲೂ ಮದರ್ ಕಾವ್ಯವನ್ನು ಕನ್ನಡದಲ್ಲಿ ಸಭೆಗೆ ಓದಿ ಹೇಳುತ್ತಿದ್ದರು.

ಮೊದಲು ಬಂದವರು ಪ್ರೊಫೆಸರ್ ವರದಾಚಾರ್. ಕಂಕುಳಲ್ಲಿ ಐದು ವ್ಯಾಖ್ಯಾನಗ್ರಂಥಗಳು.

“ಬಾಗಿಲ ಹೊರಗೆ ತಂದೆ, ಒಳಗೆ ಮಗಳು. ಇಬ್ಬರಲ್ಲಿ ಏನೂ ತಿಳಿಯದೆ ನಡೆದವರು ಯಾರು?” ಎಂದು ಸೋಮಾಂಬೆ ಮೊದಲ ಒಗಟು ಕೇಳಿದಳು.

“ತಂದೆ, ಅಮ್ಮಣ್ಣಿ. ಪಾಪ, ಕುರಿಯೋ ಕರುವೋ ಬರುತ್ತದೆಂದುಕೊಂಡಿದ್ದ. ವಿಧಿಯಾಟ! ಎಲ್ಲ ವ್ಯಾಖ್ಯಾನಕಾರರೂ—”

“ಕಾವ್ಯ ಓದಿದ್ದೀರಾ?”

“ವ್ಯಾಖ್ಯಾನಗಳನ್ನು ಮುಗಿಸಿದ್ದೇನೆ. ಕಾವ್ಯ ಇನ್ನು ಓದಬೇಕು.”

ಮದರ್ ತಲೆಯಲ್ಲಾಡಿಸಿದರು. ಪ್ರೊಫೆಸರರನ್ನು ಸೆರೆಗೆ ಒಯ್ದರು.

ಎರಡನೆಯವನು ಬ್ಯಾರಿಸ್ಟರ್ ಜಯರಾಜ. “ತಂದೆಯ ಕಣ್ಣೀರು ಕಂಡರೆ ಕಲ್ಲೂ ಕರಗುತ್ತದೆ, ಯುವರಾಣಿ. ಈ ದುರಂತದ ನಾಯಕ ಅವನೇ,” ಎಂದು ಶುರುಮಾಡಿ, ಅದೇ ತಪ್ಪನ್ನು ಇನ್ನೂ ಚೆಂದವಾಗಿ ಹೇಳಿ ಸೆರೆ ಸೇರಿದ. ಆಮೇಲೆ ಬಂದವರೂ ಅಷ್ಟೇ. ಸತ್ತವಳು ಒಬ್ಬಳು, ಇವರೆಲ್ಲ ಕೊಂದವನಿಗಾಗಿ ಮರುಗುತ್ತಿದ್ದರು. ಇಷ್ಟು ಓದಿಯೂ ಇವರಿಗೆ ಅವಳು ಕಾಣುವುದೇ ಇಲ್ಲವಲ್ಲ ಎಂದು ಸೋಮಾಂಬೆ ಹಲ್ಲು ಕಚ್ಚಿದಳು. ಅವರ ತಲೆ ಹೋಗುತ್ತದೆಂಬ ಚಿಂತೆ ಬೇರೆ ಅವಳಿಗೆ.

“ಸಾಕು ಮಾಡು, ಅಮ್ಮಣ್ಣಿ,” ಎಂದರು ಅರಸರು. “ನಾಯಕರ ಪಲ್ಲಕ್ಕಿ ಊರಬಾಗಿಲಿಗೆ ಬಂದಿದೆ.”

ಅಮಾವಾಸ್ಯೆಯ ಬೆಳಗ್ಗೆ, ಕೋಟೆಬಾಗಿಲಲ್ಲಿ ನಗಾರಿ ಬಾರಿಸುವ ಚೆನ್ನಿಗ ಸಭೆಗೆ ಬಂದು ನಿಂತ.

“ನೀನೇನೋ ಇಲ್ಲಿ? ನಗಾರಿ ಹರಿಯಿತೇ?” ಎಂದು ಸಭೆ ನಕ್ಕಿತು.

“ಒಗಟು ಬಿಡಿಸಲು ಬಂದೆ, ಬುದ್ಧಿ.”

ಸೋಮಾಂಬೆ ಬೇಸತ್ತ ದನಿಯಲ್ಲಿ ಮೊದಲ ಒಗಟು ಕೇಳಿದಳು.

“ಮಗಳು, ಅಮ್ಮಣ್ಣಿ. ಅರಸರು ಗೆದ್ದು ಬಂದಾಗಲೆಲ್ಲ ನಾನು ನಗಾರಿ ಬಾರಿಸುತ್ತೇನೆ, ಮನೆಮಗಳಾಗಿ ನೀವು ಆರತಿ ಹಿಡಿದು ಬರುತ್ತೀರಿ. ಇದು ಈ ಮನೆಯ ಪದ್ಧತಿ. ಆ ಸೇನಾಪತಿಯ ಊರಲ್ಲೂ ಗೆದ್ದವರನ್ನು ಹೆಣ್ಣುಮಕ್ಕಳೇ ಕುಣಿದು ಎದುರುಗೊಳ್ಳುತ್ತಿದ್ದರು ಎಂದು ಮದರ್ ಓದಿದರಲ್ಲ? ಹಾಗಾದರೆ ಯಾರು ಬರುತ್ತಾರೆಂದು ತಂದೆಗೆ ತಿಳಿದಿರಲೇಬೇಕು. ಹರಕೆಯ ಸುದ್ದಿ ತಿಳಿಯದವಳು ಅವಳೊಬ್ಬಳೇ.”

ನಗು ನಿಂತಿತು. ಅರಸರು ಕುಳಿತಲ್ಲೇ ಸರಿದಾಡಿದರು. ಸೋಮಾಂಬೆ ನೆಟ್ಟಗೆ ಕುಳಿತಳು.

“ಮಾತು ಕೊಟ್ಟವನು ಅವನು, ಪ್ರಾಣ ಹೋಗುವುದು ಅವಳದು. ಆದರೂ ಬಟ್ಟೆ ಹರಿದುಕೊಂಡು ಅತ್ತವನು ಅವನು. ಯಾರಿಗಾಗಿ ಅತ್ತ?”

“ತನಗಾಗಿ. ಅವಳನ್ನು ಕಂಡೊಡನೆ ಅವನು ಆಡಿದ ಮೊದಲ ಮಾತೇ ‘ನನ್ನನ್ನು ಹಾಳು ಮಾಡಿದೆಯಲ್ಲೇ’ ಅಂತ. ಬಾಗಿಲಿಗೆ ಬಂದದ್ದು ಅವಳ ತಪ್ಪಂತೆ!”

“ಅವಳು ಬೆಟ್ಟಕ್ಕೆ ಹೋಗಿ ಗೆಳತಿಯರೊಡನೆ ಅಳಲು ಎರಡು ತಿಂಗಳು ಕೇಳಿಕೊಂಡಳು. ಓಡಿಹೋಗಬಹುದಿತ್ತು, ಹಿಂತಿರುಗಿದಳು. ಏನನ್ನು ನಂಬಿ?”

ಚೆನ್ನಿಗ ತಡವರಿಸಿದ.

“ಪಂಡಿತರು ವಿಧೇಯತೆ ಅನ್ನುತ್ತಾರೆ. ನನಗೆ ಹಾಗನಿಸುವುದಿಲ್ಲ. ಅವಳು ಆ ಎರಡು ತಿಂಗಳು ಕೊಟ್ಟದ್ದು ಅಪ್ಪನಿಗೆ, ಅಮ್ಮಣ್ಣಿ. ಅಷ್ಟರಲ್ಲಿ ‘ನನ್ನದು ತಪ್ಪಾಯಿತು, ನಿನ್ನನ್ನು ಕೊಡಲು ನಾನಾರು’ ಎಂದಾನು ಅಂತ ನಂಬಿದಳು. ಅವನು ಅನ್ನಲಿಲ್ಲ.”

ಮದರ್ ಎದ್ದು ನಿಂತರು. “ಮೂರೂ ಸರಿ. ಮಾತು ರದ್ದಾಯಿತು, ಮಹಾಸ್ವಾಮಿ.”

ಓಬಳನಾಯಕನ ಪಲ್ಲಕ್ಕಿ ಬಂದ ದಾರಿಯಲ್ಲೇ ಮರಳಿತು. ಅರಸರಿಗೆ ಹೊತ್ತ ಭಾರ ಇಳಿದಂತಾಯಿತು. “ಭಲೇ! ಚೆನ್ನಿಗ, ಕೋಟೆಯ ಸರದಾರಿಕೆ ನಿನ್ನದು. ಜೊತೆಗೆ ನನ್ನ ಮಗಳನ್ನೂ ನಿನಗೆ ಕೊಟ್ಟೆ!”

“ಸರದಾರಿಕೆಯೊಂದೇ ಸಾಕು, ಬುದ್ಧಿ. ಸೆರೆಯಲ್ಲಿರುವವರ ತಲೆ ಉಳಿಸಿ. ಅಮ್ಮಣ್ಣಿಯವರ ಮದುವೆಯ ಮಾತು ಅವರನ್ನೇ ಕೇಳಬೇಕು.”

ಅರಸರು ಎರಡಕ್ಕೂ ಹೂಂಗುಟ್ಟಿದರು. ಪಂಡಿತರನ್ನು ಬಿಡಿಸಿ ತಂದರು. ಚೆನ್ನಿಗನಿಗೆ ಪೇಟ ತೊಡಿಸಿದರು. ಸಭೆ ಏಳುವ ಹೊತ್ತಿಗೂ ಸೋಮಾಂಬೆ ಕದಲಲಿಲ್ಲ.

“ಏಳು, ಮಗಳೇ. ಎಲ್ಲ ಸರಿಹೋಯಿತಲ್ಲ?”

“ಇಲ್ಲ. ಒಬ್ಬನಿಂದ ಬಿಡಿಸಿಕೊಂಡ ಕ್ಷಣದಲ್ಲೇ ಇನ್ನೊಬ್ಬನಿಗೆ ಕೊಟ್ಟಿರಿ.”

“ಸಂತೋಷದಲ್ಲಿ ಬಾಯಿಗೆ ಬಂತು, ಅಂದೆ. ಅರಸನಾದವನು ಇನ್ನೇನು ಮಾಡಬೇಕಮ್ಮ?”

“ಈ ಸಭೆಯ ಮುಂದೆ, ಈಗಲೇ, ನನ್ನಲ್ಲಿ ಕ್ಷಮೆ ಕೇಳಿ, ಅಪ್ಪಾಜಿ.”