ನಶ್ಯದ ಅರಸನಿಗೆ ನೂರು ವರ್ಷ

ಹತ್ತಿರ ಸರಿದು ಕೂತುಕೊಳ್ಳಿ ಮಕ್ಕಳೇ. ಒಂದು ರಾಜ್ಯದಲ್ಲಿ ದೇಸಿಂಗನೆಂಬ ಅರಸನಿದ್ದ. ತಾಯಿಯಿಲ್ಲದ ಅವನನ್ನು ಸಾಕಿದವಳು ದಾದಿ ಕೆಂಚವ್ವ. ಎಣ್ಣೆನೀರು ಹಾಕುವಾಗ ಮಗು ಸೀನಿದರೆ ನೆತ್ತಿ ತಟ್ಟಿ, "ನೂರು ವರ್ಷ, ನನ್ನಪ್ಪಾ" ಅನ್ನುತ್ತಿದ್ದಳು.

ತಂದೆ ತೀರಿಕೊಂಡ ದಿನ ದೇಸಿಂಗನಿಗೆ ಸಾವಿನ ಭಯ ಹತ್ತಿತು. ಯಾರೋ ಚಿಟಿಕೆ ನಶ್ಯ ಕೊಟ್ಟರು. ಸೀನಿದ. ಸುತ್ತಲಿದ್ದವರೆಲ್ಲ "ನೂರು ವರ್ಷ" ಎಂದು ಹರಸಿದರು. ಎದೆ ಹಗುರಾಯಿತು. ಅಲ್ಲಿಂದ ಚಟ ಹಿಡಿಯಿತು. ಮೊದಲ ವರ್ಷ ಚಿಟಿಕೆ, ಎರಡನೆಯ ವರ್ಷ ಹಿಡಿ, ಮೂರನೆಯ ವರ್ಷ ಸೇರು.

ನಶ್ಯ ಏರಿದಂತೆ ಸಂಶಯವೂ ಏರಿತು. ಹರಸಲು ತಡಮಾಡಿದವರು ತನ್ನ ಸಾವನ್ನೇ ಬಯಸುವವರೆಂದು ಬಗೆದ. ಬಾಯಿತುಂಬ ಎಲೆಯಡಿಕೆ ಹಾಕಿಕೊಂಡಿದ್ದ ಮಂತ್ರಿ ಸೆರೆಮನೆಗೆ ಹೋದ. ಉಗ್ಗುವ ಅಡಿಗೆಯವನು "ನೂ... ನೂ..." ಎನ್ನುತ್ತಲೇ ಹೋದ. ಮೂಗಿನೊಳಗೆ ಹುಣ್ಣಾಗಿದೆ, ಹೀಗೇ ನಡೆದರೆ ತಿಂಗಳೊಳಗೆ ಉಸಿರು ನಿಲ್ಲುತ್ತದೆ ಎಂದ ವೈದ್ಯನೂ ಹೋದ.

ಕಡೆಗೆ ಹರಸಲು ಉಳಿದವಳು ಕೆಂಚವ್ವ ಒಬ್ಬಳೇ. ತಾನು ಮುದ್ದಿಗೆ ಆಡಿದ ಮಾತೇ ಮಗನನ್ನು ತಿನ್ನುತ್ತಿದೆಯಲ್ಲ ಎಂದು ಅವಳ ಕರುಳು ಚುರುಗುಟ್ಟಿತು. ಒಂದು ಉಪಾಯ ಹೂಡಿದಳು.

"ನನ್ನಪ್ಪಾ, ಈ ನೂರು ವರ್ಷ ಎಲ್ಲಿಂದ ಬರುತ್ತೆ ಅಂದುಕೊಂಡೆ? ಹರಸುವವರ ಆಯುಷ್ಯದಿಂದಲೇ ಕಿತ್ತು ಕೊಡಬೇಕು. ಮೊದಲು ಜನ ಬಹಳ ಇದ್ದರು, ಹಂಚಿಹೋಗುತ್ತಿತ್ತು. ಈಗ ನಾನೊಬ್ಬಳೇ."

"ನೀನೂ ಆ ಸೆರೆಮನೆಯವರ ಕಡೆಯವಳೇ, ಅವ್ವಾ" ಎಂದು ಅರಸ ನಶ್ಯ ಏರಿಸಿದ.

ಒಮ್ಮೆ ಸೀನಿದ. "ನೂರು ವರ್ಷ" ಎಂದು ಕೆಂಚವ್ವ ಗೋಡೆ ಹಿಡಿದಳು. ಮತ್ತೆ ಸೀನಿದ. "ನೂರು ವರ್ಷ" ಎಂದು ನೆಲಕ್ಕೆ ಕುಸಿದಳು. ಮೂರನೆಯ ಸಲ ಸೀನಿದ. "ನೂರು..." ಎಂದು ಕಣ್ಣು ಮುಚ್ಚಿದಳು. "ವರ್ಷ" ಎಂಬ ಮಾತು ಹೊರಬರಲಿಲ್ಲ.

ಡಬ್ಬಿ ಜಾರಿ ನಶ್ಯವೆಲ್ಲ ಚೆಲ್ಲಿತು. ಅರಸ ಅವಳ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಮಗುವಿನಂತೆ ಅತ್ತ. "ನನಗೆ ಯಾವ ವರ್ಷವೂ ಬೇಡ, ಎಲ್ಲ ತಿರುಗಿ ತಗೋ ಅವ್ವಾ. ಇನ್ನು ನಶ್ಯ ಮುಟ್ಟಿದರೆ ನಿನ್ನಾಣೆ."

ಚೆಲ್ಲಿದ ನಶ್ಯ ಸುಮ್ಮನಿರುತ್ತದೆಯೇ? ಸತ್ತ ಕೆಂಚವ್ವ ಮೂಗರಳಿಸಿ, ಗೋಡೆ ನಡುಗುವಂತೆ ಸೀನಿದಳು.

ಮೋಸಹೋದೆನೆಂದು ಅರಸನಿಗೆ ತಿಳಿಯಿತು. ಆದರೂ ಹುಟ್ಟಿದಂದಿನಿಂದ ಇನ್ನೊಬ್ಬರಿಗೆ ಒಮ್ಮೆಯೂ ಹೇಳದ ಮಾತು ಅವನ ಬಾಯಿಂದ ತಾನಾಗಿ ಬಂತು. "ನೂರು ವರ್ಷ, ಅವ್ವಾ."

"ಅಷ್ಟೆಲ್ಲ ಯಾಕೋ? ಸಂಜೆಯ ಗಂಜಿಗೆ ನಾವಿಬ್ಬರೂ ಇದ್ದರೆ ಸಾಕು" ಎಂದಳು ಕೆಂಚವ್ವ.

ಆಣೆ ಆಣೆಯೇ. ಮೂರು ವಾರ ನಶ್ಯವಿಲ್ಲದೆ ಅವನ ಮೈ ಬೆವರಿತು. ಅವಳು ತಲೆ ನೇವರಿಸುತ್ತ ಕೂತಳು. ಸೆರೆಮನೆಯ ಬಾಗಿಲು ತೆರೆಯಿತು. ಅಡಿಗೆಯವನು ಹೊರಬರುತ್ತಲೇ "...ರು ವರ್ಷ" ಎಂದು ಮುಗಿಸಿದ.

ಕೆಂಚವ್ವ ನೂರು ಬಾಳಲಿಲ್ಲ, ದೇಸಿಂಗನೂ ಬಾಳಲಿಲ್ಲ. ಇದ್ದಷ್ಟು ದಿನ, ಯಾರೇ ಸೀನಲಿ, ಮೊದಲು ಹರಸುತ್ತಿದ್ದವನು ಅರಸನೇ.

ನೀತಿ ಇಷ್ಟೇ ಮಕ್ಕಳೇ: ಚಟ ಮೈಯನ್ನು ತಿನ್ನುತ್ತದೆ, ಸಂಶಯ ಬಂಧುಗಳನ್ನು ತಿನ್ನುತ್ತದೆ. ಆಯುಷ್ಯವನ್ನು ಕೂಡಿಡಲು ಬಾರದು, ಹಂಚಿಕೊಳ್ಳಲು ಬರುತ್ತದೆ.